ಶೂಟಿಂಗಿಗೆ ಕೊಂಡೊಯ್ದ ಬೈರಾಸು

ಲಲಿತಕ್ಕ, ಆ ಟೇಪು ನನ್ನ ಬಳಿ ಇತ್ತು.

ನೀವು ವಡಪಳನಿಯ ನಮ್ಮ ಆಫೀಸಿಗೆ ಬಂದು, ಕುರ್ಚಿಯ ತುದಿಯಲ್ಲಿ ಕೂತು, ಅದು ಇದೆಯೇ ಎಂದು ಕೇಳಿದ ದಿನ ನನ್ನ ಬೆನ್ನ ಹಿಂದಿನ ಕಪಾಟಿನಲ್ಲೇ ಇತ್ತು. ಇಲ್ಲ ಎಂದೆ. ಅಳಿಸಿಹೋಗಿದೆ ಎಂದೆ. ನೀವು ನಂಬಿದಿರಿ — ನಂಬಿ, ಒಂದು ಲೋಟ ನೀರು ಕೇಳಿ ಕುಡಿದು, ನನಗೇ ಕೈಮುಗಿದು ಹೋದಿರಿ. ನೀವು ಮೆಟ್ಟಿಲಿಳಿದ ಮೇಲೆ ನಾನೇ ಅದನ್ನು ಅಳಿಸಲು ಕೊಟ್ಟೆ. ನಿಮ್ಮ ಗಂಡ ಮಂಜುನಾಥ ಕೊಲೆಗಾರನೆಂದು ಕೋರ್ಟು ತೀರ್ಮಾನಿಸಲು ಯಾವ ಸಾಕ್ಷಿಯ ಮಾತು ಆಧಾರವಾಯಿತೋ, ಆ ಮಾತು ಎಲ್ಲಿಂದ ಬಂತು ಎಂದು ತೋರಿಸಬಲ್ಲ ಒಂದೇ ವಸ್ತು ಅದಾಗಿತ್ತು. ಅದು ನನಗೆ ಗೊತ್ತಿತ್ತು. ಗೊತ್ತಿದ್ದೇ ಮಾಡಿದೆ.

ಇದನ್ನು ಮೊದಲೇ ಹೇಳಿಬಿಟ್ಟಿದ್ದೇನೆ, ಏಕೆಂದರೆ ಮುಂದಿನದನ್ನು ಓದುವಾಗ ನಿಮಗೆ ನನ್ನ ಮೇಲೆ ಮರುಕ ಹುಟ್ಟಬಾರದು. ನಾನು ಕಥೆ ಹೇಳುವುದರಲ್ಲಿ ಪಳಗಿದವಳು. ಯಾವುದನ್ನು ಮುಂದಿಟ್ಟು ಯಾವುದನ್ನು ಮರೆಮಾಡಿದರೆ ನೋಡುವವರ ಕನಿಕರ ಯಾರ ಕಡೆ ವಾಲುತ್ತದೆ ಎಂಬುದು ನನಗೆ ಚೆನ್ನಾಗಿ ಗೊತ್ತು. ಆ ಜಾಣತನವನ್ನು ಇಲ್ಲಾದರೂ ಹೊರಗಿಡಬೇಕು ಎಂದು — ನೋಡೋಣ, ಎಷ್ಟು ಸಾಧ್ಯವೋ.

ಈಗ ಈ ಊರಿನಲ್ಲಿ ನನಗೊಂದು ಹೆಸರಿದೆ. ಅಪರಾಧಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡುವವರಲ್ಲಿ ನೀತಿ ಬಿಡದವಳು ಎಂದು ನನ್ನನ್ನು ಕರೆಯುತ್ತಾರೆ. ನನ್ನ ಚಿತ್ರಗಳಲ್ಲಿ ನಟರಿರುವುದಿಲ್ಲ. ನಡೆದ ಕೊಲೆಯನ್ನು ಮತ್ತೆ ನಟಿಸಿ ತೋರಿಸುವುದಿಲ್ಲ, ಸತ್ತವರ ಮನೆಯಿಂದ ಒಂದು ಫೋಟೋವನ್ನೂ ಹೊರಗೆ ಒಯ್ಯುವುದಿಲ್ಲ, ಆರೋಪಿಯ ಮನೆಗೆ ಕರೆಯದೆ ಹೋಗುವುದಿಲ್ಲ. ಕಾಲೇಜುಗಳಲ್ಲಿ ನನ್ನನ್ನು ಕರೆಸಿ ಈ ನಿಯಮಗಳ ಮೇಲೆ ಭಾಷಣ ಮಾಡಿಸುತ್ತಾರೆ. ಹೋದ ವರ್ಷ ಒಬ್ಬ ಹುಡುಗಿ ಎದ್ದು ನಿಂತು, ನಟಿಸಿ ತೋರಿಸಬಾರದು ಎಂಬ ತೀರ್ಮಾನಕ್ಕೆ ನೀವು ಬಂದದ್ದು ಹೇಗೆ ಎಂದು ಕೇಳಿದಳು. ಸತ್ತವರ ಘನತೆ, ನೋಡುವವರ ನಂಬಿಕೆ, ಕ್ಯಾಮೆರಾದ ಮಿತಿ — ಏನೇನೋ ಹೇಳಿದೆ. ಚೆನ್ನಾಗಿಯೇ ಹೇಳಿದೆ. ಚಪ್ಪಾಳೆ ಬಿತ್ತು. ಆ ಹುಡುಗಿ ನನ್ನ ಮಾತನ್ನು ಬರೆದುಕೊಳ್ಳುತ್ತಿದ್ದಳು, ನಾನು ಮುಂದಿನ ಪ್ರಶ್ನೆಗೆ ತಿರುಗಿದೆ.

ನಿಜವಾದ ಉತ್ತರ ನಿಮ್ಮ ಮನೆಯ ಹಗ್ಗದ ಮೇಲೆ ಒಣಗುತ್ತಿತ್ತು, ಲಲಿತಕ್ಕ.

ತೊಂಬತ್ತರ ದಶಕದ ಕೊನೆ. ಆಗ ನಾನು ವಡಪಳನಿಯ ಒಂದು ಸಣ್ಣ ಕಂಪನಿಯಲ್ಲಿದ್ದೆ. ತಮಿಳು ಚಾನೆಲ್ಲೊಂದಕ್ಕೆ ವಾರಕ್ಕೊಂದು ಅರ್ಧ ಗಂಟೆಯ ಅಪರಾಧ ಕಾರ್ಯಕ್ರಮ ಮಾಡಿಕೊಡುವುದು ನಮ್ಮ ಕೆಲಸ. ವಾರಕ್ಕೊಂದು ಹೆಣ ಎಂದು ನಾವೇ ತಮಾಷೆ ಮಾಡಿಕೊಳ್ಳುತ್ತಿದ್ದೆವು. ಪ್ರತಿ ಕಂತಿನ ಮೊದಲಲ್ಲಿ ಒಂದು ಸಾಲು ಬರುತ್ತಿತ್ತು: ಇದು ಪ್ರತ್ಯಕ್ಷದರ್ಶಿಗಳ ಹೇಳಿಕೆಯನ್ನು ಆಧರಿಸಿದ್ದು ಎಂದು. ಆ ಸಾಲನ್ನು ಯಾರೂ ಹೊಸದಾಗಿ ಬರೆಯುತ್ತಿರಲಿಲ್ಲ; ಅದು ಮೊದಲ ಕಂತಿನಿಂದ ಹಾಗೇ ಅಂಟಿಕೊಂಡು ಬಂದಿತ್ತು. ನಮ್ಮ ಪ್ರೊಡ್ಯೂಸರ್ ನಟರಾಜನ್ ಅವರಿಗೆ ಬೇಕಾದದ್ದು ನಟನೆಯ ಭಾಗ. ಜನ ಚಾನೆಲ್ ಬದಲಾಯಿಸದೆ ಕೂರುವುದು ಅದಕ್ಕೇ ಎನ್ನುತ್ತಿದ್ದರು. ಸಿನಿಮಾಗಳಲ್ಲಿ ಗುಂಪಿನಲ್ಲಿ ನಿಲ್ಲುವ ಜೂನಿಯರ್ ನಟರು ಅಲ್ಲೇ ಸುತ್ತಮುತ್ತ ಸಿಗುತ್ತಿದ್ದರು. ಬೆಳಿಗ್ಗೆ ಒಬ್ಬ ಕೊಲೆಗಾರ, ಮಧ್ಯಾಹ್ನದ ಮೇಲೆ ಅವನೇ ಇನ್ನೊಂದು ಕಂತಿನಲ್ಲಿ ಹೆಣ.

ಅಂಬತ್ತೂರಿನ ಕಾರ್ಖಾನೆಗಳ ನಡುವಿನ ಆ ಸಣ್ಣ ಹೋಟೆಲಿನಲ್ಲಿ ಯಜಮಾನರಾದ ರಾಯರ ಕೊಲೆಯಾದಾಗ ಆ ಕಂತು ನನಗೆ ಬೇಕೆಂದು ನಾನೇ ಕೇಳಿ ಪಡೆದೆ. ದೀಪ ಹಚ್ಚುವ ಹೊತ್ತಿಗೆ, ಹಿಂದಿನ ಉಗ್ರಾಣದಲ್ಲಿ ಯಾರೋ ಅವರ ತಲೆಗೆ ಹೊಡೆದು, ಹಿತ್ತಲ ಗೋಡೆ ಹಾರಿ ಓಡಿದ್ದರು. ಆ ದಿನ ಬೆಳಿಗ್ಗೆ ರಜೆಯ ವಿಷಯಕ್ಕೆ ದೋಸೆ ಹೊಯ್ಯುವ ಮಂಜುನಾಥನಿಗೂ ರಾಯರಿಗೂ ಗಿರಾಕಿಗಳ ಎದುರೇ ಜಗಳವಾಗಿತ್ತು. ಪೊಲೀಸರು ಅವನನ್ನು ಹಿಡಿದಿದ್ದರು. ಸತ್ತವರೂ ಹಿಡಿಸಿಕೊಂಡವರೂ ಕುಂದಾಪುರದ ಕಡೆಯವರು, ಕನ್ನಡದವರು. ನಾನು ಪೆರಂಬೂರಿನ ರೈಲ್ವೆ ಕ್ವಾರ್ಟರ್ಸಿನಲ್ಲಿ ಬೆಳೆದ ಮೈಸೂರಿನವರ ಮಗಳು. ನನ್ನ ಕನ್ನಡದಲ್ಲಿ ಅರ್ಧ ತಮಿಳೇ ಇದ್ದರೂ ಆಫೀಸಿನಲ್ಲಿ ಕನ್ನಡ ಬಲ್ಲವಳು ನಾನೊಬ್ಬಳೇ. ಉಳಿದವರ ಮುಂದೆ ಬಾಯಿಬಿಡದವರು ನನ್ನೆದುರು ಬಿಡುತ್ತಾರೆ ಎಂಬ ಲೆಕ್ಕಾಚಾರ ಅದು. ಭಾಷೆಯ ಮೇಲಿನ ಪ್ರೀತಿ ಅಂದುಕೊಂಡಿರಬೇಡಿ.

ಮೊದಲು ಅಂಜಲೈಯನ್ನು ನೋಡಿದೆ. ಹೋಟೆಲಿನ ಹಿಂದಿನ ಓಣಿಯಲ್ಲಿ ಕೂತು ಹೂ ಕಟ್ಟಿ ಮಾರುತ್ತಿದ್ದ ಹೆಂಗಸು. ಓಡಿದವನನ್ನು ಕಂಡದ್ದು ಅವಳೊಬ್ಬಳೇ. ಕ್ಯಾಮೆರಾ ಇಟ್ಟು ಕೇಳಿದೆ. ಅವಳು ಮಲ್ಲಿಗೆ ಪೋಣಿಸುವುದನ್ನು ನಿಲ್ಲಿಸದೆ ಹೇಳಿದಳು: “ಮುದುಗು ದಾಮ್ಮಾ ಪಾತ್ತೇನ್. ಮೂಂಜಿ ಪಾಕ್ಕಲೆ. ತಲೆಮುಡಿ ಪಳಪಳನ್ನು ಇರುಂದುಚ್ಚು, ಅವ್ವಳವು ದಾನ್.” ಬೆನ್ನು ಮಾತ್ರ ಕಂಡೆ, ಮುಖ ಕಾಣಲಿಲ್ಲ, ತಲೆಗೂದಲು ಬೀದಿದೀಪಕ್ಕೆ ಫಳಫಳ ಹೊಳೆಯಿತು, ಅಷ್ಟೇ ಎಂದು. ದೋಸೆ ಹೊಯ್ಯುವವನೇ ಇರಬಹುದಾ ಎಂದು ಕೆದಕಿದೆ. ಯಾರೆಂದು ಹೇಗೆ ಹೇಳಲಿ ತಾಯಿ, ಸುಳ್ಳಾದರೆ ನನ್ನ ನಾಲಿಗೆಗೆ ಹುಳ ಬೀಳುತ್ತದೆ ಎಂದಳು. ಆ ಹೊತ್ತಿನಲ್ಲಿ ಅವಳಷ್ಟು ಎಚ್ಚರ ನನಗಿದ್ದರೆ — ಇರಲಿಲ್ಲ. ನನಗೆ ಬೇಸರವಾಯಿತು. ಬೆನ್ನೊಂದನ್ನು ಇಟ್ಟುಕೊಂಡು ನಾನು ಏನು ಶೂಟ್ ಮಾಡಲಿ?

ಆಮೇಲೆ ನಿಮ್ಮ ಮನೆಗೆ ಬಂದೆ.

ನೆನಪಿದೆಯೇ, ಕ್ಯಾಮೆರಾದವರನ್ನು ಬೀದಿಯಲ್ಲೇ ನಿಲ್ಲಿಸಿ ನಾನೊಬ್ಬಳೇ ಒಳಗೆ ಬಂದೆ. ಒಂದೇ ಕೋಣೆ. ಮೂಲೆಯಲ್ಲಿ ಸುಮಾ ಕೂತು ಶಾಲೆಯ ಪಾಠ ಬರೆಯುತ್ತಿದ್ದಳು, ಹತ್ತು ವರ್ಷವಿರಬೇಕು. ನಾನು ಕನ್ನಡದಲ್ಲಿ ಮಾತಾಡಿಸಿದ ಕೂಡಲೇ ನಿಮ್ಮ ಮುಖ ಬದಲಾಯಿತು. “ನಮ್ ಭಾಷಿ ಮಾತಾಡುವರ್ ಒಬ್ರ್ ಬಂದ್ರಲೆ, ಅಷ್ಟೇ ಸಾಕ್” ಎಂದು ಅತ್ತುಬಿಟ್ಟಿರಿ. ಆ ದಿನಗಳಲ್ಲಿ ಓಣಿಯವರು ನಿಮಗೆ ನಲ್ಲಿಯ ನೀರು ಹಿಡಿಯಲೂ ಬಿಡುತ್ತಿರಲಿಲ್ಲ ಎಂದು ಆಮೇಲೆ ತಿಳಿಯಿತು. ನಾನು ನಿಮ್ಮ ಪಕ್ಕದಲ್ಲಿ ಚಾಪೆಯ ಮೇಲೆ ಕೂತೆ, ನಿಮ್ಮ ಕೈ ಹಿಡಿದುಕೊಂಡೆ. ಆ ಕೈ ಹಿಡಿದದ್ದು ನಾಟಕವಲ್ಲ. ಆದರೆ ಹಿಡಿದುಕೊಂಡೇ ಕೋಣೆಯನ್ನೆಲ್ಲ ಕಣ್ಣಾಡಿಸಿ ನೋಡುತ್ತಿದ್ದೆ. ಎರಡೂ ನಿಜ, ಎರಡನ್ನೂ ಹೇಳಬೇಕು.

ಮಂಜುನಾಥ ಕೆಲಸಕ್ಕೆ ಏನು ಹಾಕಿಕೊಳ್ಳುತ್ತಿದ್ದ ಎಂದು ಕೇಳಿದೆ. ಯಾಕೆ ಕೇಳುತ್ತಿದ್ದೇನೆಂದು ನೀವು ಕೇಳಲಿಲ್ಲ. ಅವನ ಬಗ್ಗೆ ಯಾರಾದರೂ ಏನಾದರೂ ಕೇಳಿದರೆ ಸಾಕು ಎಂಬಂತೆ ಹೇಳುತ್ತಾ ಹೋದಿರಿ.

“ಎಂತ ಹಾಕ್ತ್ರ್? ಒಂದ್ ಬನೀನ್, ಒಂದ್ ಲುಂಗಿ. ತಲಿಗೆ ಬೈರಾಸ್ ಕಟ್ದೆ ಕಾವ್ಲಿ ಮುಂದೆ ನಿಂತ್ಕಂಬುಕಾತ್ತಾ? ಬೆವ್ರ್ ದೋಸಿ ಮೇಲೆ ಬೀಳತ್ತ್.”

ಬೈರಾಸು! ನಮ್ಮ ಮನೆಯಲ್ಲಿ ಅಂಗವಸ್ತ್ರ, ಟವೆಲ್ಲು ಎಂದು ಕೇಳಿ ಬೆಳೆದವಳಿಗೆ ಆ ಪದವೇ ಹೊಸದು. ಹಗ್ಗದ ಮೇಲೆ ಕೆಂಪು ಚೌಕುಳಿಯದೊಂದು ಒಣಗುತ್ತಿತ್ತು, ತೆಳುವಾದ ಹತ್ತಿಯ ಬಟ್ಟೆ. ತಲೆಗೆ ಸುತ್ತಿ ಹಿಂದೆ ಗಂಟು ಹಾಕುವುದು ಹೇಗೆಂದು ನಿಮ್ಮ ತಲೆಗೇ ಕಟ್ಟಿ ತೋರಿಸಿದಿರಿ. ಅಳುವಿನ ನಡುವೆ ಒಂದು ಸಲ ನಕ್ಕಿರಿ ಕೂಡ. ಇದನ್ನು ಎರಡು ದಿನಕ್ಕೆ ಕೊಡುತ್ತೀರಾ, ಟೀವಿಯ ಶೂಟಿಂಗಿಗೆ ಬೇಕು ಎಂದೆ. ಯಾವ ಶೂಟಿಂಗ್ ಎಂದು ಹೇಳಲಿಲ್ಲ. ಅವನು ಎಂಥವನು, ಹೇಗೆ ದುಡಿಯುತ್ತಿದ್ದ ಎಂದು ತೋರಿಸುತ್ತಾರೆ ಎಂದು ನೀವು ತಿಳಿದುಕೊಂಡಿರಿ. ತಿಳಿದುಕೊಳ್ಳಲಿ ಎಂದು ನಾನು ಸುಮ್ಮನಿದ್ದೆ.

“ತಕಂಡ್ ಹೋಯ್ನಿ, ಅಮ್ಮ. ಅವ್ರ್ ಬಪ್ಪು ಹೊತ್ತಿಗೆ ವಾಪಸ್ ಕೊಟ್ರೆ ಸೈ.”

ಅವ್ರ್ ಬಪ್ಪು ಹೊತ್ತಿಗೆ, ಅವರು ಬರುವ ಹೊತ್ತಿಗೆ. ನಾಳೆಯೋ ನಾಡಿದ್ದೋ ಬಿಟ್ಟು ಕಳಿಸುತ್ತಾರೆ ಎಂದೇ ನೀವು ನಂಬಿದ್ದಿರಿ.

ವಡಪಳನಿಯ ಒಂದು ಬಾಡಿಗೆ ಮನೆಯ ಹಿತ್ತಲಲ್ಲಿ ಆ ದೃಶ್ಯ ತೆಗೆದೆವು. ಬೆಳಕು ಇಳಿಯುತ್ತಿತ್ತು. ಓಡುವವನ ತಲೆ ಗೋಡೆಯ ಕಪ್ಪಿನಲ್ಲಿ ಕಲೆಸಿಹೋಗುತ್ತದೆ, ಏನಾದರೂ ಬಣ್ಣ ಬೇಕು ಎಂದು ಕ್ಯಾಮೆರಾದವನು ಗೊಣಗಿದ. ನಾನು ಚೀಲದಿಂದ ಬೈರಾಸು ತೆಗೆದು ಆ ಜೂನಿಯರ್ ನಟನ ತಲೆಗೆ ನನ್ನ ಕೈಯಾರೆ ಕಟ್ಟಿದೆ, ನೀವು ತೋರಿಸಿಕೊಟ್ಟಂತೆಯೇ ಹಿಂದೆ ಗಂಟು. ಅಂಜಲೈ ಕೂದಲು ಹೊಳೆಯಿತು ಎಂದದ್ದು ಆಗ ನೆನಪಾಗಲಿಲ್ಲವೇ? ಆಯಿತು. ಚೆನ್ನಾಗಿ ನೆನಪಾಯಿತು. ಒಂದು ಕ್ಷಣ ಕೈ ತಡೆಯಿತು. ಹೊಳೆಯುವ ಕೂದಲು ಯಾರದಾದರೂ ಆಗಬಹುದು, ಬೈರಾಸು ಮಾತ್ರ ಅವನದೇ — ಅಷ್ಟೇ ನನ್ನ ತರ್ಕ. ಆ ಹುಡುಗ ಗೋಡೆ ಹಾರಿ ಓಡಿದ. ಚೆನ್ನಾಗಿ ಬಂತು. ಇನ್ನೂ ಚೆನ್ನಾಗಿರಲಿ ಎಂದು ಮತ್ತೆ ಹಾರಿಸಿದೆ.

ನಟರಾಜನ್ ಎಡಿಟಿಂಗ್ ಕೋಣೆಯಲ್ಲಿ ನೋಡಿ ಬೆನ್ನು ತಟ್ಟಿದರು. “ಸೂಪರ್ ಟಚ್ ಮ್ಮಾ! ಅಂದ ತುಂಡು... ನಮ್ಮ ಪಸಂಗಳುಕ್ಕು ತೋಣಿಯೇ ಇರುಕ್ಕಾದು!” ಆ ಟವೆಲ್ಲಿನ ಉಪಾಯ ನಮ್ಮ ಹುಡುಗರಿಗಾದರೆ ತೋಚುತ್ತಲೇ ಇರಲಿಲ್ಲ ಎಂದು. ನಾನು ಉಬ್ಬಿಹೋದೆ. ಅದರ ಹೆಸರು ಬೈರಾಸು, ಅವರ ಕಡೆ ಹೀಗೇ ಕಟ್ಟುತ್ತಾರೆ ಎಂದು ಇಡೀ ಆಫೀಸಿಗೆ ಪಾಠ ಮಾಡಿದೆ. ಎಂಥ ಅಧಿಕಪ್ರಸಂಗಿ! ಕಂತು ಪ್ರಸಾರವಾದ ದಿನ ನನ್ನ ಅಮ್ಮ ಮಾತ್ರ ಟೀವಿ ಆರಿಸಿ, “ಪಾವಂ ಕಣೇ ಆ ಹುಡ್ಗ. ಕೋರ್ಟಲ್ಲಿ ಇನ್ನೂ ಏನೂ ಆಗಿಲ್ಲ, ನೀನು ಆಗ್ಲೇ ಅವನ್ನ ಗೋಡೆ ಹಾರಿಸ್ಬಿಟ್ಯಲ್ಲೇ” ಎಂದಳು. ನನಗೆ ಸಿಟ್ಟು ಬಂತು. ನಿನಗೇನು ಗೊತ್ತು ಎಂದು ರೇಗಿ ಎದ್ದುಹೋದೆ.

ಬೈರಾಸನ್ನು ಒಗೆಸಿ, ಇಸ್ತ್ರಿ ಮಾಡಿಸಿ ನಿಮಗೆ ತಂದುಕೊಟ್ಟೆ. ನಿಮ್ಮ ಮನೆಯಲ್ಲಿ ಟೀವಿ ಇರಲಿಲ್ಲ. ನೀವು ಅದನ್ನು ಮೂಸಿ ನೋಡಿ, ಅವರ ವಾಸನೆ ಹೋಯಿತು ಎಂದಿರಿ.

ಅಂಜಲೈ ಟೀವಿ ನೋಡಿದ್ದಳು. ತಾನು ಟೀವಿಯಲ್ಲಿ ಬರುತ್ತೇನೆಂದು ಓಣಿಯವರನ್ನೆಲ್ಲ ಸೇರಿಸಿಕೊಂಡು ನೋಡಿದ್ದಳು. ಅವಳ ಮಾತಿನಲ್ಲಿ ನಾವು ಇಟ್ಟುಕೊಂಡದ್ದು ಬೆನ್ನು ಕಂಡೆ ಎಂಬಷ್ಟೇ. ಕೂದಲಿನ ಮಾತನ್ನು ನಾನು ಕತ್ತರಿಸಿದ್ದೆ, ದೃಶ್ಯಕ್ಕೆ ಹೊಂದುವುದಿಲ್ಲವಲ್ಲ. ಅವಳ ಮಾತು ಮುಗಿದ ಕೂಡಲೇ ಕೆಂಪು ಬೈರಾಸಿನವನು ಗೋಡೆ ಹಾರುತ್ತಾನೆ. ಕೆಲವು ದಿನಗಳ ನಂತರ ಪೊಲೀಸರು ಅವಳನ್ನು ಮತ್ತೊಮ್ಮೆ ಕೇಳಿದಾಗ, ಓಡಿದವನ ತಲೆಯಲ್ಲಿ ಕೆಂಪು ಚೌಕುಳಿಯ ಟವೆಲ್ಲು ಕಟ್ಟಿತ್ತು, ದೋಸೆ ಮಾಸ್ಟರ್ ಕಟ್ಟುತ್ತಿದ್ದದ್ದೇ ಎಂದಳು. ಪೊಲೀಸರು ನಿಮ್ಮ ಮನೆಗೆ ಬಂದರು. ಅದು ಹಗ್ಗದ ಮೇಲೇ ಇತ್ತು.

ಅಂಜಲೈ ಸುಳ್ಳು ಹೇಳಲಿಲ್ಲ ಲಲಿತಕ್ಕ. ಅವಳ ಮೇಲೆ ಸಿಟ್ಟಿದ್ದರೆ ಬಿಟ್ಟುಬಿಡಿ. ಅವಳು ಕಣ್ಣಾರೆ ಕಂಡದ್ದನ್ನೇ ಹೇಳಿದಳು, ಯಾವುದನ್ನು ಎಲ್ಲಿ ಕಂಡೆ ಎಂಬುದಷ್ಟೇ ಅವಳಿಗೆ ಕಲೆಸಿಹೋಗಿತ್ತು. ಕಲೆಸಿದವಳು ನಾನು.

ನೀವು ನನ್ನನ್ನು ಹುಡುಕಿಕೊಂಡು ಬಂದದ್ದು ವಿಚಾರಣೆ ಶುರುವಾಗುವ ಮುಂಚೆ. ಮಂಜುನಾಥನ ಪರ ಸರ್ಕಾರದಿಂದ ಕೊಟ್ಟಿದ್ದ ವಕೀಲರು ಅದಕ್ಕೂ ಎರಡು ದಿನ ಮೊದಲು ನನಗೆ ಫೋನ್ ಮಾಡಿದ್ದರು. ಟವೆಲ್ಲಿನ ಮಾತನ್ನು ಅಂಜಲೈ ನನಗೆ ಹೇಳಿದ್ದಳೇ ಎಂದು ಕೇಳಿದರು. “ಅವಂಗ ಸೊನ್ನದೈ ದಾನ್ ಕಾಟ್ಟಿನೋಂ, ಸಾರ್” ಎಂದೆ. ಆಕೆ ಹೇಳಿದ್ದನ್ನೇ ತೋರಿಸಿದ್ದೇವೆ. ಎಷ್ಟು ಸಲೀಸಾಗಿ ಬಂತು! ನನ್ನನ್ನು ಯಾರೂ ಬೆದರಿಸಿರಲಿಲ್ಲ. ನಟರಾಜನ್ ಅವರಿಗೆ ಆ ಫೋನ್ ಬಂದದ್ದೇ ಗೊತ್ತಿರಲಿಲ್ಲ. ಹೀಗೆ ಹೇಳು ಎಂದು ಒಬ್ಬರಾದರೂ ನನಗೆ ಹೇಳಿಕೊಟ್ಟಿದ್ದರೆ ಇವತ್ತು ಅವರ ತಲೆಗೆ ಕಟ್ಟಬಹುದಿತ್ತು. ಆ ಅದೃಷ್ಟವೂ ನನಗಿಲ್ಲ.

ಆಮೇಲೆ ನೀವು. ಅಂಬತ್ತೂರಿನಿಂದ ಎರಡು ಬಸ್ಸು ಬದಲಾಯಿಸಿ ಬಂದಿದ್ದಿರಿ.

“ಅಮ್ಮ, ನೀವ್ ತಕಂಡ್ ಹೋದ್ ಬೈರಾಸೇ ಪೊಲೀಸ್ರ್ ಕೊಂಡ್ಹೋದ್ರ್. ಆ ಹೂವಿನ್ ಹೆಂಗ್ಸ್ ನಿಮ್ಮತ್ರ ಬೈರಾಸಿನ್ ಸುದ್ದಿ ಹೇಳಿತಾ? ಒಂಚೂರ್ ನೆನಪ್ ಮಾಡ್ಕಣಿ. ಮಾತಾಡಿದ್ ಟೇಪ್ ಇರತ್ತಲ್ದಾ, ಅದ್ ಸಿಕ್ರೆ ಕೇಸ್ ನಿಲ್ಲುದಿಲ್ಲ ಅಂದ್ ವಕೀಲ್ರ್ ಹೇಳ್ತ್ರ್.”

“ಇಲ್ಲ ಲಲಿತಕ್ಕ. ಆ ಟೇಪ್ ಇಲ್ಲ. ಅದರ ಮೇಲೆ ಬೇರೆ ಏನೋ ಶೂಟ್ ಮಾಡ್ಬಿಟ್ಟಿದಾರೆ.”

ಅದು ಸಹಜವಾದ ಮಾತೇ, ಅದಕ್ಕೇ ನೀವು ನಂಬಿದಿರಿ. ನಮ್ಮಲ್ಲಿ ಕಂತು ಪ್ರಸಾರವಾದ ಮೇಲೆ ಟೇಪುಗಳನ್ನು ಇಟ್ಟುಕೊಳ್ಳುವ ಪದ್ಧತಿ ಇರಲಿಲ್ಲ. ಅದರ ಮೇಲೇ ಮತ್ತೊಂದನ್ನು ತೆಗೆಯುತ್ತಿದ್ದೆವು. ಅದೊಂದನ್ನು ಮಾತ್ರ ನಾನು ಉಳಿಸಿಕೊಂಡಿದ್ದೆ. ಮುಂದೆ ಎಂದಾದರೂ ಈ ಪ್ರಕರಣದ ಮೇಲೆ ದೊಡ್ಡ ಸಾಕ್ಷ್ಯಚಿತ್ರ ಮಾಡಬಹುದು ಎಂಬ ಆಸೆಗೆ. ನೀವು ಹೋದ ಮೇಲೆ ಬಾಗಿಲು ಹಾಕಿಕೊಂಡು ಅದನ್ನು ಹಾಕಿ ನೋಡಿದೆ. ನನ್ನ ನೆನಪು ತಪ್ಪಿರಲಿ ಎಂದು ಹಾರೈಸುತ್ತಾ ನೋಡಿದೆ. ತಪ್ಪಿರಲಿಲ್ಲ. ತಲೆಮುಡಿ ಪಳಪಳನ್ನು — ಅವಳ ದನಿ ಸ್ಪಷ್ಟವಾಗಿತ್ತು. ಹಿಂದೆಯೇ ನನ್ನ ದನಿ, ಅವಳನ್ನು ಕೆದಕುವ ದನಿ.

ಆ ಟೇಪನ್ನು ಕೋರ್ಟಿಗೆ ಕೊಟ್ಟಿದ್ದರೆ ಏನಾಗುತ್ತಿತ್ತು? ಮೊದಲಲ್ಲಿ ಬರುವ ಆ ಸಾಲು ಸುಳ್ಳು ಎಂದು ಬಯಲಾಗುತ್ತಿತ್ತು. ವಕೀಲರಿಗೆ ನಾನು ಹೇಳಿದ್ದು ಸುಳ್ಳು ಎಂದಾಗುತ್ತಿತ್ತು. ಕಾರ್ಯಕ್ರಮ ನಿಲ್ಲುತ್ತಿತ್ತೋ ಏನೋ. ಆದರೆ ಇವೆಲ್ಲ ಆಮೇಲೆ ಪೋಣಿಸಿಕೊಂಡ ಕಾರಣಗಳು. ಆ ಕ್ಷಣದಲ್ಲಿ ನನ್ನನ್ನು ಹಿಡಿದದ್ದು ನಾಚಿಕೆ. ಸೂಪರ್ ಟಚ್ ಎಂದು ಮೆರೆದವಳು ಎಲ್ಲರೆದುರು ಪೆಚ್ಚಾಗಬೇಕಲ್ಲ ಎಂಬ ನಾಚಿಕೆ. ಇಷ್ಟು ಸಣ್ಣ ಕಾರಣಕ್ಕೆ ಇಷ್ಟು ದೊಡ್ಡದನ್ನು ಮಾಡಲು ಸಾಧ್ಯವೇ ಎಂದು ನೀವು ಕೇಳಬಹುದು. ಸಾಧ್ಯ.

ಪಕ್ಕದ ಕೋಣೆಯಲ್ಲಿ ಅಡುಗೆ ಕಾರ್ಯಕ್ರಮದವರು ಖಾಲಿ ಟೇಪಿಗಾಗಿ ಪರದಾಡುತ್ತಿದ್ದರು. ತೆಗೆದುಕೊಳ್ಳಿ ಎಂದು ಕೊಟ್ಟೆ. ಮಧ್ಯಾಹ್ನದೊಳಗೆ ಅಂಜಲೈಯ ಮಾತಿನ ಮೇಲೆ ಬದನೆಕಾಯಿ ಗೊಜ್ಜು ಮಾಡುವ ವಿಧಾನ ಬಂದು ಕೂತಿತು. ಅವರು ನನಗೊಂದು ತಟ್ಟೆಯಲ್ಲಿ ಗೊಜ್ಜನ್ನೂ ಅನ್ನವನ್ನೂ ಕಳಿಸಿದರು. ತಿಂದೆ.

ಅಂಜಲೈ ಸಾಕ್ಷಿ ಹೇಳಿದ ದಿನ ಕೋರ್ಟಿನ ಹಿಂದಿನ ಬೆಂಚಿನಲ್ಲಿ ನಾನೂ ಕೂತಿದ್ದೆ. ನಿಮಗೆ ಕಾಣದಂತೆ ಕಂಬದ ಮರೆಗೆ. ಆ ಬೈರಾಸನ್ನು ಬಿಡಿಸಿ ಅವಳಿಗೆ ತೋರಿಸಿದರು. ಅದೇ ಎಂದು ಗುರುತು ಹಿಡಿದಳು. ಇಸ್ತ್ರಿಯ ಮಡಿಕೆ ಇನ್ನೂ ಇತ್ತು, ನಾನು ಮಾಡಿಸಿದ ಇಸ್ತ್ರಿ. ಮಂಜುನಾಥ ಕಟಕಟೆಯಿಂದ ಅದನ್ನೇ ದಿಟ್ಟಿಸುತ್ತಿದ್ದ, ಇದು ಇಲ್ಲಿಗೆ ಹೇಗೆ ಬಂತು ಎಂಬ ಮುಖದಲ್ಲಿ. ಇದನ್ನು ಟೀವಿಯವರಿಗೆ ಕೊಟ್ಟಿದ್ದೆ, ಅವರೇ ತಂದುಕೊಟ್ಟರು ಎಂದು ನೀವು ಹೇಳಿದಿರಂತೆ. ಹೆಂಡತಿಯ ಮಾತು, ಗಂಡನನ್ನು ಉಳಿಸಿಕೊಳ್ಳಲು ಏನನ್ನಾದರೂ ಹೇಳುತ್ತಾಳೆ ಎಂದು ಅದನ್ನು ತಳ್ಳಿಹಾಕಿದರಂತೆ. ಆಗಲಾದರೂ ನಾನು ಎದ್ದು ನಿಲ್ಲಬಹುದಿತ್ತು. ಊಟದ ಬಿಡುವಿನಲ್ಲಿ ಮೆಲ್ಲಗೆ ಜಾರಿಕೊಂಡೆ. ಜೀವಾವಧಿ ಶಿಕ್ಷೆಯ ಸುದ್ದಿಯನ್ನು ಪೇಪರಿನಲ್ಲಿ ಓದಿದೆ.

ಒಂದು ಮಾತು ಹೇಳಲೇಬೇಕು, ನಿಮಗೆ ನೋವಾದರೂ. ಮಂಜುನಾಥ ರಾಯರನ್ನು ಕೊಂದನೋ ಇಲ್ಲವೋ ನನಗೆ ಗೊತ್ತಿಲ್ಲ. ಅವನು ನಿರಪರಾಧಿ ಎಂದು ಹೇಳಿಬಿಟ್ಟರೆ ನಿಮಗೂ ಹಿತ, ನನಗೂ ಒಂದು ಬಗೆಯ ತೃಪ್ತಿ. ಆದರೆ ಅದು ನಾನು ಕಂಡದ್ದಲ್ಲ. ಗೊತ್ತಿಲ್ಲದ್ದನ್ನು ಗೊತ್ತಿರುವಂತೆ ಒಮ್ಮೆ ತೋರಿಸಿದ್ದು ಸಾಕು. ರಾಯರ ಮನೆಯವರಿಗೂ ನಾನು ದ್ರೋಹ ಮಾಡಿದ್ದೇನೆ: ರಾಯರನ್ನು ಕೊಂದವರು ಯಾರು ಎಂದು ಸರಿಯಾಗಿ ಹುಡುಕುವ ಅಗತ್ಯವೇ ಆಮೇಲೆ ಯಾರಿಗೂ ಕಾಣಲಿಲ್ಲ.

ಆ ವರ್ಷವೇ ಆ ಕಂಪನಿ ಬಿಟ್ಟೆ. ಅಂತಃಸಾಕ್ಷಿ ಎಂದು ಎಲ್ಲರಿಗೂ ಹೇಳಿದೆ. ಯಾವುದರ ಬಗೆಗಿನದು ಎಂದು ಹೇಳಲಿಲ್ಲ. ನನ್ನದೇ ಚಿತ್ರಗಳನ್ನು ಮಾಡತೊಡಗಿದೆ. ನಟರಿಲ್ಲ, ಮರುನಟನೆಯಿಲ್ಲ — ಜನ ಅದನ್ನು ಧೈರ್ಯವೆಂದರು, ಹೊಸ ದಾರಿ ಎಂದರು. ಪ್ರಶಸ್ತಿ ಬಂತು. ನಾನು ಮಾಡಿದ ಒಂದೊಂದು ಪಾಪವನ್ನೂ ತಿರುಗಿಸಿ ಒಂದೊಂದು ನಿಯಮ ಮಾಡಿಕೊಂಡೆ, ಆ ನಿಯಮಗಳಿಂದಲೇ ಹೆಸರು ಮಾಡಿದೆ. ನಿಮ್ಮ ಗಂಡ ಜೈಲಿನ ಅಡುಗೆಮನೆಯಲ್ಲಿ ದುಡಿಯುತ್ತಿದ್ದ ಕಾಲದಲ್ಲಿ ನಾನು ವೇದಿಕೆಗಳ ಮೇಲೆ ಶಾಲು ಹೊದಿಸಿಕೊಳ್ಳುತ್ತಿದ್ದೆ. ನೀವು ಎಲ್ಲಿದ್ದೀರಿ ಎಂದು ವಿಚಾರಿಸಲಿಲ್ಲ. ಅಂಬತ್ತೂರಿನ ಕಡೆ ಕೆಲಸ ಬಂದರೆ ಬೇರೆಯವರನ್ನು ಕಳಿಸುತ್ತಿದ್ದೆ.

ಹೋದ ತಿಂಗಳು ನೀವೇ ಬಂದಿರಿ. ಸನ್ನಡತೆಯ ಮೇಲೆ ಬಿಟ್ಟರು, ಪೋರೂರಿನಲ್ಲಿ ಮನೆ ಮಾಡಿದ್ದೇವೆ, ಅವರು ಒಂದು ಕ್ಯಾಂಟೀನಿನಲ್ಲಿ ಹಿಂದೆ ಕೂತು ತರಕಾರಿ ಹೆಚ್ಚುತ್ತಾರೆ, ಕಾವಲಿಯ ಮುಂದೆ ನಿಲ್ಲಲು ಯಾರೂ ಬಿಡುವುದಿಲ್ಲ ಎಂದಿರಿ. ಕೂದಲೆಲ್ಲ ಬೆಳ್ಳಗಾಗಿತ್ತು ನಿಮಗೆ. ಜೊತೆಯಲ್ಲಿ ಸುಮಾ. ಮೂಲೆಯಲ್ಲಿ ಕೂತು ಬರೆಯುತ್ತಿದ್ದ ಆ ಮಗುವೇ ಎಂದು ಮೊದಲು ತಿಳಿಯಲಿಲ್ಲ. ನಾನು ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ಅವಳು ನಗುತ್ತಾ ತಮಿಳಿನಲ್ಲೇ ಉತ್ತರಿಸಿದಳು. ಸಂಬಂಧಗಳು ಬಂದು ಬಂದು ಮುರಿದುಹೋಗುತ್ತಿವೆ, ತಂದೆ ಕೊಲೆಗಾರ ಎಂದು ಹಿಂದೆ ಸರಿಯುತ್ತಾರೆ ಎಂದು ನೀವು ಹೇಳುವಾಗ ಅವಳು ಕಿಟಕಿಯ ಕಡೆ ನೋಡುತ್ತಿದ್ದಳು. ಆಮೇಲೆ ನೀವು ಬಂದ ಕೆಲಸ ಹೇಳಿದಿರಿ.

“ಅವ್ರ್ ಕೊಂದವ್ರಲ್ಲ ಅಂದ್ ನೀವೊಂದ್ ಫಿಲ್ಮ್ ಮಾಡ್ಕ್, ಅಮ್ಮ. ನೀವ್ ಸುಳ್ಳ್ ಹೇಳುವರಲ್ಲ ಅಂದ್ ಎಲ್ರಿಗೂ ಗೊತ್ತಿತ್ತ್. ನೀವ್ ಹೇಳ್ರೆ ಜನ ನಂಬ್ತ್ರ್. ಆ ದಿನ ನಮ್ಮನಿ ಚಾಪಿ ಮೇಲೆ ಕೂಕಂಡವ್ರ್ ನೀವೊಬ್ರೇ.”

ನೋಡೋಣ ಎಂದೆ, ಯೋಚಿಸುತ್ತೇನೆ ಎಂದೆ. ಬಾಗಿಲವರೆಗೆ ಬಿಡಲು ಬಂದಾಗ ನೀವು ಚಪ್ಪಲಿ ಹಾಕಿಕೊಳ್ಳುತ್ತಿದ್ದಿರಿ. ಸುಮಾ ನನ್ನ ಹತ್ತಿರ ಬಂದು, ನಿಮಗೆ ಕೇಳದಂತೆ, ತಗ್ಗಿದ ದನಿಯಲ್ಲಿ ಕೇಳಿದಳು: “ಅಪ್ಪಾ ಪಣ್ಣಲೆ ದಾನೇ, ಆಂಟಿ?”

ಅಪ್ಪ ಅದನ್ನು ಮಾಡಿಲ್ಲ ಅಲ್ಲವೇ? ನಿಮ್ಮನ್ನು ಕೇಳಲಾರಳು, ಅಪ್ಪನನ್ನು ಕೇಳಲಾರಳು. ಇಷ್ಟು ವರ್ಷ ಮನೆಯೊಳಗೆ ಯಾರನ್ನೂ ಕೇಳಲಾಗದೆ ಇಟ್ಟುಕೊಂಡಿದ್ದ ಪ್ರಶ್ನೆಯನ್ನು ತಂದು ನನ್ನ ಮುಂದಿಟ್ಟಳು, ನಾನು ಸುಳ್ಳು ಹೇಳುವವಳಲ್ಲ ಎಂಬ ನಂಬಿಕೆಯಿಂದ. ನಾನು ಅವಳ ಭುಜ ತಟ್ಟಿದೆ. ಭುಜ ತಟ್ಟಿ ಕಳಿಸಿದೆ, ಲಲಿತಕ್ಕ.

ಅಂದಿನಿಂದ ನನಗೆ ನೆಮ್ಮದಿಯಿಲ್ಲ ಎಂದು ಬರೆಯಹೊರಟು ಹೊಡೆದುಹಾಕಿದೆ. ನನ್ನ ನೆಮ್ಮದಿ ಕಟ್ಟಿಕೊಂಡು ನಿಮಗೇನಾಗಬೇಕು?

ಮಾಡಿದ್ದನ್ನು ಹೇಳುತ್ತೇನೆ. ಹೋದ ವಾರ ಒಬ್ಬ ವಕೀಲರ ಬಳಿ ಹೋಗಿ ಇದೆಲ್ಲವನ್ನೂ ಹೇಳಿಕೆಯಾಗಿ ಬರೆಸಿ ಸಹಿ ಹಾಕಿದ್ದೇನೆ. ಕೇಸನ್ನು ಮತ್ತೆ ತೆರೆಸುವುದು ಬಹಳ ಕಷ್ಟ ಎನ್ನುತ್ತಾರೆ ಅವರು. ಅಂಜಲೈ ತೀರಿಕೊಂಡಿದ್ದಾಳೆ. ಟೇಪಿಲ್ಲದ ಬರೀ ಮಾತಿಗೆ ಬೆಲೆ ಕಡಿಮೆಯಂತೆ. ಆ ಬೆಲೆ ಕಳೆದವಳೂ ನಾನೇ. ಸಾಕ್ಷ್ಯ ನಾಶ ಮಾಡಿದ ಆರೋಪ ನನ್ನ ಮೇಲೆ ಬರಬಹುದು ಎಂದು ಎಚ್ಚರಿಸಿದರು. ಬರಲಿ. ಬರಬೇಕಾದದ್ದೇ.

ನೀವು ಕೇಳಿದ ಚಿತ್ರವನ್ನು ನಾನು ಮಾಡುವುದಿಲ್ಲ. ನನ್ನ ಕೈಗೆ ಅದನ್ನು ಇನ್ನೊಮ್ಮೆ ಕೊಡಬೇಡಿ, ಎಷ್ಟೇ ಒಳ್ಳೆಯ ಮಾತಾಡಿದರೂ. ಬೇರೆ ಯಾರಾದರೂ ಮಾಡಲು ಬಂದರೆ ಅವರ ಕ್ಯಾಮೆರಾದ ಮುಂದೆ ನಾನು ಕೂರುತ್ತೇನೆ, ಮುಖ ಮರೆಸದೆ, ಹೆಸರು ಮರೆಸದೆ. ಅವರು ಕೇಳಿದ್ದಕ್ಕೆಲ್ಲ ಉತ್ತರ ಹೇಳುತ್ತೇನೆ, ಯಾವುದನ್ನು ಇಟ್ಟುಕೊಳ್ಳಬೇಕು ಯಾವುದನ್ನು ಕತ್ತರಿಸಬೇಕು ಎಂಬುದು ಅವರಿಗೆ ಬಿಟ್ಟದ್ದು. ಕಾಲೇಜುಗಳ ಭಾಷಣಗಳನ್ನು ನಿಲ್ಲಿಸಿದ್ದೇನೆ. ಒಂದೇ ಒಂದು ಉಳಿದಿದೆ, ಅಲ್ಲಿ ಇದನ್ನೇ ಓದುತ್ತೇನೆ.

ಕ್ಷಮಿಸಿ ಎಂದು ಕೇಳುವುದಿಲ್ಲ. ಕೇಳಿದರೆ ನೀವು ಕ್ಷಮಿಸಿಬಿಡುತ್ತೀರೋ ಏನೋ ಎಂಬ ಭಯ ನನಗೆ.

ಭಾನುವಾರ ಪೋರೂರಿಗೆ ಬರುತ್ತೇನೆ. ಅಷ್ಟರೊಳಗೆ ಇದು ನಿಮ್ಮ ಕೈ ಸೇರಿರುತ್ತದೆ. ಮಂಜುನಾಥ ನನ್ನನ್ನು ಹೊಡೆಯಲು ಬಂದರೆ ತಡೆಯಬೇಡಿ. ಬಾಗಿಲೇ ತೆಗೆಯದಿದ್ದರೆ ಬೀದಿಯಲ್ಲಿ ನಿಂತೇ ಹೇಳಿ ಹೋಗುತ್ತೇನೆ, ಅಕ್ಕಪಕ್ಕದವರು ಕೇಳಿದರೂ ಸರಿ, ಕೇಳಿದರೇ ಸರಿ. ಸುಮಾಗೆ ಕನ್ನಡ ಓದಲು ಬರುವುದಿಲ್ಲ ಎಂದಿರಿ. ಇದನ್ನು ಅವಳಿಗೆ ನೀವು ಓದಿ ಹೇಳುವ ಸಂಕಟ ಬೇಡ, ಅದು ನನ್ನ ಕೆಲಸ. ಅವಳು ನನ್ನನ್ನು ಒಂದು ಪ್ರಶ್ನೆ ಕೇಳಿದ್ದಾಳೆ. ಅವಳ ತಮಿಳಿನಲ್ಲೇ ಅದಕ್ಕೆ ಉತ್ತರ ಹೇಳಬೇಕು: ನಿನ್ನ ಅಪ್ಪ ಅದನ್ನು ಮಾಡಿದನೋ ಇಲ್ಲವೋ ನನಗೆ ಗೊತ್ತಿಲ್ಲ ಮಗಳೇ. ಅದು ಯಾರಿಗೂ ಎಂದಿಗೂ ಗೊತ್ತಾಗದ ಹಾಗೆ ಮಾಡಿದವಳು ನಾನು.